ಅಡುಗೆಮನೆಗೂ ಬಂತು ವೈ-ಫೈ



ಹಿಂದಿನ ಪಾಠಗಳಲ್ಲಿ ನಾವು ಅಂಕಿ ಓದಲು ಕಲಿತೆವು. ರಸೀದಿ ಓದಲು ಕಲಿತೆವು. ಈ ಪಾಠದಲ್ಲಿ ಮನೆಯೊಳಗಿನ ವೈ-ಫೈ ಬಗ್ಗೆ ತಿಳಿಯೋಣ. ಇದು ನಮ್ಮ ಕಲಿಕಾ ಕೇಂದ್ರದ ಒಬ್ಬ ಅಕ್ಕನ ಮನೆಯಲ್ಲಿ ನಡೆದ ಸಂಗತಿ. ನಿಧಾನವಾಗಿ ಓದಿ. ಗಟ್ಟಿಯಾಗಿ ಓದಿ. ಓದು ಬಾರದ ನೆರೆಯವರಿಗೂ ಓದಿ ಹೇಳಿ.

1. ಕರೆ ಕೇಳಲಿಲ್ಲ

ನಮ್ಮದು ಮಲೆನಾಡಿನ ಊರು. ಸುತ್ತಲೂ ಗುಡ್ಡ. ನಡುವೆ ಅಡಿಕೆ ತೋಟ. ಒಂದು ಮನೆಯಿಂದ ಇನ್ನೊಂದು ಮನೆ ದೂರ. ಮೊಬೈಲ್ ಟವರ್ ಗುಡ್ಡದ ಆಚೆಗೆ ಇದೆ. 2020ರಲ್ಲಿ ಕೊರೊನಾ ಬಂತು. ಶಾಲೆಗಳು ಮುಚ್ಚಿದವು. ಆಗ ಮಲೆನಾಡಿನ ಎಷ್ಟೋ ಮಕ್ಕಳು ಪಾಠ ಕೇಳಲು ಗುಡ್ಡ ಹತ್ತಿದರು. ಮಳೆಯಲ್ಲಿ ಕೊಡೆ ಹಿಡಿದು ಕುಳಿತರು. ಅದನ್ನು ನಾವು ಮರೆತಿಲ್ಲ.

ಆಮೇಲೆ ನಮ್ಮ ಊರಿಗೆ ಫೈಬರ್ ತಂತಿ ಬಂತು. ಕೆಲವು ಮನೆಗಳಲ್ಲಿ ವೈ-ಫೈ ಪೆಟ್ಟಿಗೆ ಕೂತಿತು. ತೋಟದಮನೆಗೂ ಬಂತು.

ತೋಟದಮನೆ ಅಕ್ಕ ನಮ್ಮ ಕೇಂದ್ರಕ್ಕೆ ತಪ್ಪದೆ ಬರುವವರು. ಅವರಿಗೆ ಒಬ್ಬಳೇ ಮಗಳು. ಶಿವಮೊಗ್ಗದಲ್ಲಿ ನರ್ಸಿಂಗ್ ಓದುತ್ತಾಳೆ. ಹಾಸ್ಟೆಲಿನಲ್ಲಿ ಇದ್ದಾಳೆ. ಸಂಜೆ 7 ಗಂಟೆಗೆ ಅವಳಿಗೆ ಬಿಡುವು. ಆಗ ಅಮ್ಮನಿಗೆ ಫೋನ್ ಮಾಡುತ್ತಾಳೆ. ಆ ಹೊತ್ತಿಗೆ ಅಮ್ಮ ಎಲ್ಲಿರುತ್ತಾರೆ? ಒಲೆ ಮುಂದೆ. ಅಡುಗೆಮನೆಯಲ್ಲಿ ಫೋನ್ ಸತ್ತ ಹಾಗೆ ಬಿದ್ದಿರುತ್ತದೆ.

ಒಂದು ದಿನ ಮಗಳಿಗೆ ಜೋರು ಜ್ವರ ಬಂತು. ಅವಳು ಅಮ್ಮನಿಗೆ ಮೂರು ಸಲ ಕರೆ ಮಾಡಿದಳು. ಒಂದೂ ಅಕ್ಕನಿಗೆ ಕೇಳಲಿಲ್ಲ. ಅಪ್ಪ ಅಂದು ಊರಲ್ಲಿ ಇರಲಿಲ್ಲ. ಮರುದಿನ ಬೆಳಿಗ್ಗೆ ಅಕ್ಕ ಫೋನ್ ಹಿಡಿದು ಜಗಲಿಗೆ ಬಂದರು. ಆಗ ಮೂರೂ ಕರೆಯ ಸುದ್ದಿ ಒಟ್ಟಿಗೆ ಬಂತು. ಜೊತೆಗೆ ಒಂದು ಸಂದೇಶ. ಅಕ್ಕ ಅಕ್ಷರ ಕೂಡಿಸಿ ಓದಿದರು. "ಅಮ್ಮಾ, ಎಲ್ಲಿದೀಯ?"

ಅಂದು ಸಂಜೆ ಅಕ್ಕ ಕೇಂದ್ರಕ್ಕೆ ಬಂದರು. ಪುಸ್ತಕ ತೆಗೆಯಲಿಲ್ಲ. ಸುಮ್ಮನೆ ಕೂತರು. ಕೇಳಿದಾಗ ಎಲ್ಲ ಹೇಳಿದರು.

"ಮಗಳು ಈಗ ಹುಷಾರಾಗಿದಾಳೆ ಅಕ್ಕೋರೇ. ಆದ್ರೆ ಅವಳು ಕೇಳಿದ ಮಾತಿಗೆ ಎಂತ ಉತ್ತರ ಕೊಡ್ಲಿ? ನಾ ಮನೇಲೇ ಇದ್ದೆ. ಮನೇಲಿ ವೈ-ಫೈನೂ ಇತ್ತು."

ನಮಗೂ ಉತ್ತರ ತಿಳಿಯಲಿಲ್ಲ. ಭಾನುವಾರ ಎಲ್ಲರೂ ಅವರ ಮನೆಗೆ ಹೋಗಿ ನೋಡೋಣ ಎಂದೆವು.

2. ಪೆಟ್ಟಿಗೆ ಎಲ್ಲಿದೆ?

ಭಾನುವಾರ ನಾವು ಆರು ಜನ ಹೋದೆವು. ಕೆಳಮನೆ ಅಜ್ಜಿಯೂ ಬಂದರು. ಅಜ್ಜಿಗೆ ಎಪ್ಪತ್ತು ದಾಟಿದೆ. ಈಗ ಹೆಸರು ಬರೆಯುತ್ತಾರೆ.

ತೋಟದಮನೆ ಹಳೆಯ ಮನೆ. ಉದ್ದ ಮನೆ. ಮುಂದೆ ಜಗಲಿ. ಅದರ ಹಿಂದೆ ನಡುಮನೆ. ನಡುಮನೆ ದಾಟಿದರೆ ಅಡುಗೆಮನೆ. ಪಕ್ಕದಲ್ಲಿ ಬಚ್ಚಲುಮನೆ. ಹಿಂದೆ ಹಿತ್ತಲು. ಹಿತ್ತಲಲ್ಲಿ ಒಂದು ಮಾಡು ಇದೆ. ಅಲ್ಲಿ ಅಕ್ಕ ಉಪ್ಪಿನಕಾಯಿ ಹಾಕುತ್ತಾರೆ, ಹಪ್ಪಳ ಒತ್ತುತ್ತಾರೆ, ಮಾರುತ್ತಾರೆ. ಗೋಡೆಗಳೆಲ್ಲ ಜಂಬಿಟ್ಟಿಗೆಯವು. ಒಂದೊಂದೂ ಮೊಳದಷ್ಟು ದಪ್ಪ.

ವೈ-ಫೈ ಪೆಟ್ಟಿಗೆ ಎಲ್ಲಿತ್ತು? ಜಗಲಿಯ ಮೂಲೆಯಲ್ಲಿ. ಟೀವಿಯ ಹಿಂದೆ. ನೆಲದ ಮೇಲೆ.

"ಅಲ್ಲಿ ಎಂತಕ್ಕೆ ಇಟ್ರು?" ಎಂದು ಅಜ್ಜಿ ಕೇಳಿದರು.

"ತಂತಿ ಅಲ್ಲಿಂದ ಒಳಗೆ ಬಂತು. ಲೈನಿನವರು ಅಲ್ಲೇ ಇಟ್ಟು ಹೋದ್ರು. ಇವರು ಅಲ್ಲೇ ಕೂರ್ತಾರೆ. ಅವರಿಗೆ ಚೆನ್ನಾಗಿ ಬರ್ತದೆ" ಎಂದರು ಅಕ್ಕ.

3. ವೈ-ಫೈ ಎಂದರೇನು?

ಇಲ್ಲಿ ಸ್ವಲ್ಪ ತಿಳಿದುಕೊಳ್ಳೋಣ.

ಫೈಬರ್ ತಂತಿಯೊಳಗೆ ಗಾಜಿನ ಎಳೆ ಇದೆ. ಅದು ಕೂದಲೆಳೆಯಷ್ಟು ತೆಳು. ಆ ಎಳೆಯಲ್ಲಿ ಬೆಳಕು ಓಡುತ್ತದೆ. ಬೆಳಕಿನ ಜೊತೆ ಮಾತು, ಚಿತ್ರ, ಸುದ್ದಿ ಎಲ್ಲ ಬರುತ್ತವೆ. ಅದು ಮನೆಯ ಪೆಟ್ಟಿಗೆಯವರೆಗೆ ಬರುತ್ತದೆ.

ಪೆಟ್ಟಿಗೆಯಿಂದ ಮುಂದೆ ತಂತಿ ಇಲ್ಲ. ಪೆಟ್ಟಿಗೆ ರೇಡಿಯೋ ಅಲೆಗಳನ್ನು ಬಿಡುತ್ತದೆ. ನಮ್ಮ ಹಳೆಯ ರೇಡಿಯೋಗೆ ಆಕಾಶವಾಣಿ ಬರುವುದೂ ಇಂಥ ಅಲೆಗಳಿಂದಲೇ. ಆಕಾಶವಾಣಿಯ ಅಲೆಗೆ ತುಂಬಾ ಶಕ್ತಿ. ಅದು ಊರೂರು ದಾಟಿ ಬರುತ್ತದೆ. ವೈ-ಫೈ ಅಲೆಗೆ ಶಕ್ತಿ ಕಡಿಮೆ. ಅದು ಒಂದು ಮನೆಯಷ್ಟು ದೂರಕ್ಕೆ ಮಾತ್ರ. ನಡುವೆ ದಪ್ಪ ಗೋಡೆ ಬಂದರೆ ಅಷ್ಟೂ ಇಲ್ಲ.

ವೈ-ಫೈ ಎಂಬ ಹೆಸರು ಬಂದದ್ದು 1999ರಲ್ಲಿ. ಈಗ ಅದು ಹಳ್ಳಿ ಮನೆಗೂ ಬಂದಿದೆ.

ಇದನ್ನು ಕೇಳಿ ಅಜ್ಜಿ ಹೇಳಿದರು: "ಹಂಗಾದ್ರೆ ಇದು ಬುಡ್ಡಿದೀಪದ ಹಂಗೇ. ಕರೆಂಟು ಬರೋ ಮೊದಲು ನಮ್ಮ ಮನೇಲಿ ಒಂದೇ ದೀಪ. ಅದನ್ನ ನಡುಮನೆ ಗೂಡಲ್ಲಿ ಇಡ್ತಿದ್ವಿ. ಜಗಲಿಗೂ ಬೆಳಕು, ಅಡುಗೆಮನೆಗೂ ಬೆಳಕು. ಜಗಲಿ ಮೂಲೇಲಿ ದೀಪ ಇಟ್ರೆ ಒಲೆ ಮುಂದೆ ಕತ್ತಲೆ ಅಲ್ದೆ ಮತ್ತೆಂತ?"

ಅಜ್ಜಿಯ ಮಾತು ಸರಿ. ಪಾಠದ ಮುಖ್ಯ ಮಾತೇ ಅದು.

4. ನಾವು ನಕ್ಷೆ ಬರೆದೆವು

ಮೊದಲು ಅಲೆ ಎಲ್ಲಿ ಬರುತ್ತದೆ, ಎಲ್ಲಿ ಬರುವುದಿಲ್ಲ ಎಂದು ನೋಡಬೇಕು. ಅದಕ್ಕೆ ಫೋನಿನ ಮೇಲ್ಭಾಗ ನೋಡಿ. ಅಲ್ಲಿ ಬೀಸಣಿಗೆಯಂಥ ಒಂದು ಗುರುತು ಇರುತ್ತದೆ. ಅದರಲ್ಲಿ ಗೆರೆಗಳು ಇರುತ್ತವೆ. ಗೆರೆ ಹೆಚ್ಚು ತುಂಬಿದ್ದರೆ ಅಲೆ ಚೆನ್ನಾಗಿದೆ. ಒಂದೇ ಗೆರೆ ಇದ್ದರೆ ಅಲೆ ಸೋತಿದೆ. ಅಕ್ಕನ ಫೋನಿನಲ್ಲಿ ನಾಲ್ಕು ಗೆರೆ. ಕೆಲವು ಫೋನಿನಲ್ಲಿ ಮೂರು ಇರುತ್ತವೆ.

ಅಕ್ಕ ಒಂದು ಹಾಳೆ ತಂದರು. ತಾವೇ ಮನೆಯ ನಕ್ಷೆ ಬರೆದರು. ಒಂದೊಂದು ಕೋಣೆಗೆ ಒಂದೊಂದು ಚೌಕ. ಚೌಕದೊಳಗೆ ಕೋಣೆಯ ಹೆಸರು. ಆಮೇಲೆ ಫೋನ್ ಹಿಡಿದು ನಾವೆಲ್ಲ ಕೋಣೆಯಿಂದ ಕೋಣೆಗೆ ನಡೆದೆವು. ಪ್ರತಿ ಕಡೆ ಒಂದು ನಿಮಿಷ ನಿಂತೆವು. ಗೆರೆ ಎಣಿಸಿದೆವು. ಅಕ್ಕ ಅಂಕಿ ಬರೆದರು.

ಜಗಲಿ – 4
ನಡುಮನೆ – 2
ಅಡುಗೆಮನೆ – 0
ಬಚ್ಚಲುಮನೆ – 0
ಹಿತ್ತಲ ಮಾಡು – 0

ಅಕ್ಕ ಹಾಳೆಯನ್ನೇ ನೋಡುತ್ತಾ ನಿಂತರು. "ನಾ ಕೆಲಸ ಮಾಡೋ ಕಡೆ ಎಲ್ಲಾ ಸೊನ್ನೆ" ಎಂದರು.

ಇನ್ನೊಂದು ಪರೀಕ್ಷೆಯನ್ನೂ ಮಾಡಿದೆವು. ಪೆಟ್ಟಿಗೆಯ ಹತ್ತಿರವೇ ನಿಂತು ಮಗಳಿಗೆ ವಿಡಿಯೋ ಕರೆ ಮಾಡಿದೆವು. ಚಿತ್ರ ಚೆನ್ನಾಗಿ ಬಂತು. ಇದರಿಂದ ಏನು ತಿಳಿಯಿತು? ಹೊರಗಿನಿಂದ ಬರುವ ತಂತಿ ಸರಿಯಿದೆ. ತೊಂದರೆ ಇರುವುದು ಮನೆಯೊಳಗೆ.

ಈ ಪರೀಕ್ಷೆ ಮುಖ್ಯ. ಪೆಟ್ಟಿಗೆಯ ಪಕ್ಕದಲ್ಲೂ ಚಿತ್ರ ನಿಂತು ನಿಂತು ಬಂದರೆ ತೊಂದರೆ ಹೊರಗಿನದು ಇರಬಹುದು. ಆಗ ಪೆಟ್ಟಿಗೆ ಸರಿಸಿ ಪ್ರಯೋಜನವಿಲ್ಲ. ಕಂಪನಿಗೆ ದೂರು ಕೊಡಬೇಕು. ಪೆಟ್ಟಿಗೆಯ ಮೇಲೆ ಸಣ್ಣ ದೀಪಗಳಿವೆ. ಒಂದರ ಬಳಿ ಎಲ್, ಓ, ಎಸ್ ಎಂಬ ಮೂರು ಇಂಗ್ಲಿಷ್ ಅಕ್ಷರ ಇರುತ್ತವೆ. ಅಲ್ಲಿ ಕೆಂಪು ದೀಪ ಮಿನುಗಿದರೆ ತಂತಿಯಲ್ಲಿ ಬೆಳಕು ಬರುತ್ತಿಲ್ಲ ಎಂದು ಅರ್ಥ. ಕೊಂಬೆ ಬಿದ್ದು ತಂತಿ ಕಡಿದಿರಬಹುದು. ದೂರು ಕೊಡುವಾಗ "ಕೆಂಪು ದೀಪ ಮಿನುಗ್ತಾ ಇದೆ" ಎಂದು ಹೇಳಿ. ದೂರಿನ ನಂಬರ್ ಕೇಳಿ. ದಿನಾಂಕದ ಜೊತೆ ಬರೆದಿಟ್ಟುಕೊಳ್ಳಿ.

5. ಅಲೆಗೆ ಅಡ್ಡ ಬರುವುದು ಏನು?

ನಾವು ನಡುಮನೆಯಲ್ಲಿ ನಿಂತು ಸುತ್ತ ನೋಡಿದೆವು. ಅಡುಗೆಮನೆಯ ಗೋಡೆಗೆ ತಾಗಿ ದೊಡ್ಡ ಕಬ್ಬಿಣದ ಬೀರು ಇತ್ತು. ಅಲೆಗಳು ಕಬ್ಬಿಣ, ತಗಡು, ಸ್ಟೀಲು ದಾಟುವುದಿಲ್ಲ. ತಾಗಿ ಹಿಂದಕ್ಕೆ ತಿರುಗುತ್ತವೆ. ದೊಡ್ಡ ಕನ್ನಡಿಯೂ ಹಾಗೆಯೇ. ಅದರ ಹಿಂಬದಿಗೆ ಲೋಹದ ಲೇಪ ಇರುತ್ತದೆ.

ನೀರು ಅಲೆಯನ್ನು ಹೀರುತ್ತದೆ. ನೀರು ತುಂಬಿದ ಡ್ರಮ್ಮು, ಹಂಡೆ, ಮಳೆಗಾಲದ ಒದ್ದೆ ಗೋಡೆ ಎಲ್ಲವೂ ಅಡ್ಡಿಯೇ. ಮಣ್ಣಿನ ಗೋಡೆ, ಕಲ್ಲಿನ ಗೋಡೆ, ಕಾಂಕ್ರೀಟು ಅಲೆಯನ್ನು ಸೋಲಿಸುತ್ತವೆ. ಗೋಡೆ ದಪ್ಪವಾದಷ್ಟೂ ಅಲೆಗೆ ಸುಸ್ತು. ಮರದ ಬಾಗಿಲು, ಬಟ್ಟೆಯ ಪರದೆ ಅಷ್ಟು ಅಡ್ಡಿಯಲ್ಲ.

ಅಂಗಡಿ ಅತ್ತಿಗೆ ಕೇಳಿದರು: "ನಮ್ಮನೆ ಗೋಡೆ ತೆಳು. ಆದ್ರೂ ಫ್ರಿಜ್ ಹಿಂದೆ ಪೆಟ್ಟಿಗೆ ಇಟ್ಟಿದೀವಿ. ಅದೂ ತಪ್ಪನಾ?"

ಹೌದು, ಅದೂ ತಪ್ಪು. ಫ್ರಿಜ್ಜಿನ ಮೈ ಲೋಹದ್ದು. ಪೆಟ್ಟಿಗೆಯನ್ನು ಟೀವಿಯ ಹಿಂದೆ, ಫ್ರಿಜ್ಜಿನ ಹಿಂದೆ, ಬೀರುವಿನ ಒಳಗೆ ಇಡಬಾರದು. ಚೆಂದ ಕಾಣುವುದಿಲ್ಲ ಎಂದು ಮುಚ್ಚಿಡಬಾರದು. ದೀಪವನ್ನು ಬುಟ್ಟಿಯಡಿ ಮುಚ್ಚಿಟ್ಟರೆ ಬೆಳಕು ಬರುತ್ತದೆಯೇ?

6. ಮೊದಲು ದುಡ್ಡಿಲ್ಲದ ದಾರಿ

ಅಕ್ಕ ಒಳಗೆ ಹೋಗಿ ಒಂದು ಸಣ್ಣ ಯಂತ್ರ ತಂದರು. ಅದು ಗೋಡೆಯ ಪ್ಲಗ್ಗಿಗೆ ಚುಚ್ಚುವಂಥದ್ದು. ಅದಕ್ಕೆ ರಿಪೀಟರ್ ಎನ್ನುತ್ತಾರೆ. ಸಂಘದಲ್ಲಿ 1,500 ರೂಪಾಯಿ ಸಾಲ ಮಾಡಿ ಪೇಟೆಯಿಂದ ತರಿಸಿದ್ದರು. ಅಡುಗೆಮನೆಯಲ್ಲಿ ಹಾಕಿದ್ದರು. ಏನೂ ಪ್ರಯೋಜನ ಆಗಲಿಲ್ಲ.

"ದುಡ್ಡು ಹೊಳೆಗೆ ಹಾಕಿದ ಹಂಗಾಯ್ತು" ಎಂದು ನೊಂದುಕೊಂಡರು.

"ಅದನ್ನ ಹಾಗೇ ಇಡಿ. ಆಮೇಲೆ ನೋಡೋಣ" ಎಂದೆವು. ಮೊದಲು ದುಡ್ಡು ಬೇಡದ ದಾರಿಗಳನ್ನು ಹಿಡಿದೆವು.

ಒಂದು: ಪೆಟ್ಟಿಗೆಯನ್ನು ನೆಲದಿಂದ ಎತ್ತಿ ಮೇಲಿನ ಹಲಗೆಯ ಮೇಲೆ ಇಟ್ಟೆವು. ನಮ್ಮ ತಲೆಯಷ್ಟು ಎತ್ತರದಲ್ಲಿ. ನೆಲದ ಮೇಲಿದ್ದರೆ ಕುರ್ಚಿ, ಮೇಜು, ಪೆಟ್ಟಿಗೆ ಎಲ್ಲ ಅಡ್ಡ ಬರುತ್ತವೆ.

ಎರಡು: ಪೆಟ್ಟಿಗೆಗೆ ಎರಡು ಕಡ್ಡಿಗಳಿದ್ದವು. ಅವು ಮಡಚಿಕೊಂಡು ಬಿದ್ದಿದ್ದವು. ನೆಟ್ಟಗೆ ನಿಲ್ಲಿಸಿದೆವು. ಕಡ್ಡಿ ನೆಟ್ಟಗಿದ್ದರೆ ಅಲೆ ಸುತ್ತಲೂ ಹರಡುತ್ತದೆ. ಕಡ್ಡಿಯ ತುದಿಯ ಕಡೆ ಅಲೆ ಕಡಿಮೆ. ಮಹಡಿಯಲ್ಲೂ ಬೇಕಿದ್ದರೆ ಒಂದು ಕಡ್ಡಿ ನೆಟ್ಟಗೆ, ಇನ್ನೊಂದು ಅಡ್ಡ ಇಡಿ. ಕೆಲವು ಪೆಟ್ಟಿಗೆಗಳಿಗೆ ಕಡ್ಡಿ ಒಳಗೇ ಇರುತ್ತದೆ. ಅದಕ್ಕೆ ಚಿಂತೆ ಬೇಡ.

ಮೂರು: ಕಬ್ಬಿಣದ ಬೀರುವನ್ನು ಎಲ್ಲರೂ ಸೇರಿ ತಳ್ಳಿದೆವು. ಬೇರೆ ಗೋಡೆಗೆ ಇಟ್ಟೆವು.

ನಾಲ್ಕು: ಫೋನಿನಲ್ಲಿ ವೈ-ಫೈ ಹೆಸರುಗಳನ್ನು ಓದಿದೆವು. ಅಕ್ಕನ ಮನೆಯ ಪೆಟ್ಟಿಗೆ ಎರಡು ಹೆಸರು ತೋರಿಸಿತು. ಒಂದರ ಕೊನೆಯಲ್ಲಿ 5 ಎಂಬ ಅಂಕಿ ಇತ್ತು. ಇವು ಎರಡು ಬಗೆಯ ಅಲೆಗಳು. ಒಂದಕ್ಕೆ 2.4 ಎನ್ನುತ್ತಾರೆ. ಇನ್ನೊಂದಕ್ಕೆ 5 ಎನ್ನುತ್ತಾರೆ. 5ರ ಅಲೆ ವೇಗವಾಗಿ ಓಡುವ ಹುಡುಗನ ಹಾಗೆ. ಆದರೆ ಗೋಡೆ ದಾಟುವಾಗ ಬೇಗ ಸುಸ್ತಾಗುತ್ತದೆ. 2.4ರ ಅಲೆ ಬುತ್ತಿ ಕಟ್ಟಿಕೊಂಡು ನಡೆಯುವ ಹಿರಿಯರ ಹಾಗೆ. ನಿಧಾನ, ಆದರೆ ದೂರ ಹೋಗುತ್ತದೆ. ಪೆಟ್ಟಿಗೆ ಇರುವ ಕೋಣೆಯಲ್ಲಿ 5 ಒಳ್ಳೆಯದು. ಗೋಡೆಯಾಚೆಯ ಕೋಣೆಗೆ 2.4 ಒಳ್ಳೆಯದು. ಅಕ್ಕನ ಫೋನು ಇಷ್ಟು ದಿನ 5ಕ್ಕೆ ಅಂಟಿಕೊಂಡಿತ್ತು. ಅದನ್ನು ಬದಲಿಸಿದೆವು. ಕೆಲವು ಪೆಟ್ಟಿಗೆ ಒಂದೇ ಹೆಸರು ತೋರಿಸುತ್ತದೆ. ಆಗ ಫೋನು ತಾನೇ ಆರಿಸಿಕೊಳ್ಳುತ್ತದೆ.

ಮತ್ತೆ ಎಣಿಸಿದೆವು. ಅಡುಗೆಮನೆಯಲ್ಲಿ 0 ಇದ್ದದ್ದು 1 ಆಯಿತು. ಬಾಗಿಲ ಬಳಿ 2 ಬಂತು. ಒಲೆ ಮುಂದೆ ನಿಂತರೆ ಮಾತು ಇನ್ನೂ ಕಡಿದು ಕಡಿದು ಬರುತ್ತಿತ್ತು. ಪೆಟ್ಟಿಗೆ ಜಗಲಿ ಬಿಟ್ಟು ನಡುಮನೆಗೆ ಬರಲೇಬೇಕು ಎಂದು ನಮಗೆ ಗೊತ್ತಾಯಿತು.

7. ಹಾಳೆ ಮಾತಾಡಿತು

ಅಷ್ಟರಲ್ಲಿ ಅಕ್ಕನ ಯಜಮಾನರು ತೋಟದಿಂದ ಬಂದರು. ನಾವು ಅವರನ್ನು ಅಣ್ಣ ಎನ್ನುತ್ತೇವೆ.

"ಪೆಟ್ಟಿಗೆ ತೆಗೀಬೇಡಿ. ಈಗ ಚೆನ್ನಾಗಿ ಬರ್ತಾ ಇದೆ" ಎಂದರು ಅಣ್ಣ.

"ನಿಮಗೆ ಬರ್ತದೆ. ನಂಗೆ ಬರಲ್ಲ" ಎಂದರು ಅಕ್ಕ.

"ನಿಂಗೆ ಬೇಕಾದಾಗ ಜಗಲಿಗೆ ಬಂದು ಮಾತಾಡು."

"ಒಲೆ ಮೇಲೆ ಅನ್ನ ಇಟ್ಟು ಹ್ಯಾಗೆ ಬರ್ಲಿ? ಕರೆ ಬಂದದ್ದೇ ಗೊತ್ತಾಗದಿದ್ರೆ ಎಂತಕ್ಕೆ ಬರ್ಲಿ?"

ಅಣ್ಣ ಸುಮ್ಮನಾದರು. ಅಕ್ಕ ಹಾಳೆಯನ್ನು ಅವರ ಕೈಗೆ ಕೊಟ್ಟರು. ಜಗಲಿ 4. ನಡುಮನೆ 2. ಉಳಿದದ್ದೆಲ್ಲ 0. ಅಣ್ಣ ಎರಡು ಸಲ ಓದಿದರು.

"ಇದು ಯಾರು ಬರ್ದಿದ್ದು?"

"ನಾನೇ."

ಹೆಂಡತಿಯ ಕೈಬರಹವನ್ನು ಅಣ್ಣ ನೋಡಿದ್ದು ಅದೇ ಮೊದಲು. ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ ಕೇಳಿದರು: "ನಡುಮನೇಲಿ ಇಟ್ರೆ ಜಗಲಿಗೆ ಎಷ್ಟು ಬರ್ತದೆ?"

"ಒಂದೇ ಗೋಡೆ ದಾಟಬೇಕು. ನಡುವೆ ದೊಡ್ಡ ಬಾಗಿಲು ಇದೆ. ಇಟ್ಟು ನೋಡಿ. ಸಾಲದಿದ್ರೆ ವಾಪಸ್ ಇಡಿ" ಎಂದೆವು.

ಅಕ್ಕಂದಿರೇ, ಇಲ್ಲಿ ಒಂದು ಎಚ್ಚರಿಕೆ. ಫೈಬರ್ ತಂತಿಯನ್ನು ನಾವೇ ಎಳೆಯಬಾರದು. ಕತ್ತರಿಸಬಾರದು. ಹಗ್ಗದ ಹಾಗೆ ಮಡಚಬಾರದು. ಒಳಗಿನ ಎಳೆ ಗಾಜಿನದು, ಮುರಿಯುತ್ತದೆ. ಬಿಚ್ಚಿದ ತುದಿಯೊಳಗೆ ಕಣ್ಣಿಟ್ಟು ನೋಡಬಾರದು. ಒಳಗಿನ ಬೆಳಕು ನಮಗೆ ಕಾಣುವುದಿಲ್ಲ. ಆದರೆ ಕಣ್ಣಿಗೆ ಅಪಾಯ ಮಾಡಬಹುದು. ಮಕ್ಕಳಿಗೂ ಹೇಳಿ.

ಅಣ್ಣ ಲೈನಿನವರನ್ನು ಕರೆಸಿದರು. ಅವರು ಉದ್ದದ ತಂತಿ ಹಾಕಿದರು. ಪೆಟ್ಟಿಗೆಯನ್ನು ನಡುಮನೆಗೆ ತಂದರು. ಎಲ್ಲಿ ಇಡಬೇಕು ಎಂದು ಕೇಳಿದರು. ಅಕ್ಕ ಗೋಡೆಯ ಗೂಡನ್ನು ತೋರಿಸಿದರು. ಹಿಂದೆ ದೀಪ ಇಡುತ್ತಿದ್ದ ಗೂಡು ಅದು.

ಗೂಡಿನ ಒಳಗೆ ಇಟ್ಟರೆ ಮೂರು ಕಡೆ ದಪ್ಪ ಗೋಡೆ ಆಗುತ್ತದೆ. ಅದಕ್ಕೇ ಗೂಡಿನ ಮುಂದೆ ಒಂದು ಹಲಗೆ ಹೊಡೆಸಿದೆವು. ಹಲಗೆಯ ಮೇಲೆ ಪೆಟ್ಟಿಗೆ ಇಟ್ಟೆವು. ತಂತಿಗೆ ಹಣ ಕೊಟ್ಟೆವು. ರಸೀದಿ ಕೇಳಿ ಪಡೆದೆವು.

ಅಕ್ಕ ಮತ್ತೆ ಹಾಳೆ ತಂದರು. ಹಳೆಯ ಅಂಕಿಯ ಪಕ್ಕದಲ್ಲಿ ಹೊಸ ಅಂಕಿ ಬರೆದರು.

ಜಗಲಿ – 3
ನಡುಮನೆ – 4
ಅಡುಗೆಮನೆ – 3
ಬಚ್ಚಲುಮನೆ – 1
ಹಿತ್ತಲ ಮಾಡು – 0

ಅಣ್ಣ ಜಗಲಿಯಲ್ಲಿ ಟೀವಿ ಹಾಕಿ ನೋಡಿದರು. ಏನೂ ವ್ಯತ್ಯಾಸ ಆಗಲಿಲ್ಲ. "ಹೀಗಾದ್ರೆ ಅಡ್ಡಿಲ್ಲ" ಎಂದರು.

8. ಕೂಗು ದಾಟಿಸುವ ಯಂತ್ರ

ಹಿತ್ತಲ ಮಾಡಿನಲ್ಲಿ ಇನ್ನೂ ಸೊನ್ನೆ. ಅಕ್ಕ ಹಗಲು ಹೊತ್ತು ಅಲ್ಲೇ ಇರುತ್ತಾರೆ. ಅಪ್ಪೆಮಿಡಿ ಉಪ್ಪಿನಕಾಯಿ ಬೇಕು ಎಂದು ಪೇಟೆಯವರು ಕೇಳುವುದು ಆಗಲೇ. ಈಗ ರಿಪೀಟರಿನ ಸರದಿ ಬಂತು.

ರಿಪೀಟರ್ ಎಂದರೆ ಏನು? ತೋಟದ ಆ ತುದಿಯಲ್ಲಿ ಇರುವವರನ್ನು ನಾವು ಹೇಗೆ ಕರೆಯುತ್ತೇವೆ? "ಕೂ" ಎಂದು ಕೂಗುತ್ತೇವೆ. ಅವರಿಗೆ ಕೇಳದಿದ್ದರೆ ನಡುವೆ ಇರುವವರು ಕೇಳಿ, ಮತ್ತೆ "ಕೂ" ಎಂದು ದಾಟಿಸುತ್ತಾರೆ. ರಿಪೀಟರ್ ಮಾಡುವುದೂ ಅಷ್ಟೇ. ಪೆಟ್ಟಿಗೆಯ ಅಲೆ ಕೇಳಿಸಿಕೊಳ್ಳುತ್ತದೆ, ಮುಂದಕ್ಕೆ ದಾಟಿಸುತ್ತದೆ.

ಆದರೆ ನಡುವೆ ನಿಂತವರಿಗೇ ಕೂಗು ಕೇಳದಿದ್ದರೆ? ದಾಟಿಸುವುದು ಏನನ್ನು? ಅಕ್ಕ ಮೊದಲು ಮಾಡಿದ ತಪ್ಪು ಅದೇ. ಅಡುಗೆಮನೆಯಲ್ಲಿ ಸೊನ್ನೆ ಇತ್ತು. ರಿಪೀಟರನ್ನು ಅಲ್ಲೇ ಇಟ್ಟರು. ಅದಕ್ಕೇ ಏನೂ ಕೇಳುತ್ತಿರಲಿಲ್ಲ.

ರಿಪೀಟರನ್ನು ಅಲೆ ಇಲ್ಲದ ಕಡೆ ಇಡಬಾರದು. ಅಲೆ ಇನ್ನೂ ಚೆನ್ನಾಗಿರುವ ಕಡೆ, ದಾರಿಯ ನಡುವೆ ಇಡಬೇಕು. ಈಗ ಅಡುಗೆಮನೆಯಲ್ಲಿ 3 ಗೆರೆ ಇದೆ. ಅಲ್ಲಿನ ಹಿಂಬದಿ ಕಿಟಕಿಯ ಬಳಿ ಪ್ಲಗ್ಗು ಇತ್ತು. ಒಲೆಯಿಂದ ದೂರ, ನೀರಿನಿಂದ ದೂರ. ಅಲ್ಲಿ ಚುಚ್ಚಿದೆವು. ಹಿತ್ತಲ ಮಾಡಿನಲ್ಲಿ 3 ಗೆರೆ ಬಂತು! ಸಾಲ ಮಾಡಿ ತಂದ ಯಂತ್ರ ಕೆಲಸಕ್ಕೆ ಬಂತು.

ಇನ್ನೊಂದು ಮಾತು ತಿಳಿದಿರಲಿ. ರಿಪೀಟರ್ ದಾಟಿಸಿದ ಕಡೆ ವೇಗ ಕಡಿಮೆಯಾಗುತ್ತದೆ. ಅರ್ಧಕ್ಕೂ ಇಳಿಯಬಹುದು. ಮಾತಾಡಲು, ಸಂದೇಶ ಕಳಿಸಲು ಅಷ್ಟು ಸಾಕು. ಹೆಚ್ಚು ವೇಗ ಬೇಕಿದ್ದರೆ ಪೆಟ್ಟಿಗೆಯಿಂದ ಲ್ಯಾನ್ ಎಂಬ ತಂತಿ ಎಳೆದು, ಆ ತುದಿಗೆ ಇನ್ನೊಂದು ಪೆಟ್ಟಿಗೆ ಇಡಿಸಬಹುದು. ಈ ತಂತಿ 100 ಮೀಟರ್ ತನಕ ಎಳೆಯಬಹುದು. ಖರ್ಚು ಹೆಚ್ಚು. ತಿಳಿದವರಿಂದಲೇ ಮಾಡಿಸಿ.

9. ಏಳು ಗಂಟೆಯ ಕರೆ

ಒಂದು ಕೆಲಸ ಬಾಕಿ ಇತ್ತು. ಮಗಳು ಕೆಲವು ಸಲ ಇಂಟರ್ನೆಟ್ ಇಲ್ಲದೆ ಮಾಮೂಲಿ ಕರೆ ಮಾಡುತ್ತಾಳೆ. ಅದು ಬರುವುದು ಟವರಿನಿಂದ. ಟವರಿನ ಅಲೆ ಮನೆಯೊಳಗೆ ಬರುವುದಿಲ್ಲ. ಅದಕ್ಕೂ ದಾರಿ ಇದೆ. ಅದರ ಹೆಸರು ವೈ-ಫೈ ಕಾಲಿಂಗ್. ನಮ್ಮ ದೇಶದ ಫೋನ್ ಕಂಪನಿಗಳು 2019ರ ಕೊನೆಯಿಂದ ಇದನ್ನು ಕೊಡತೊಡಗಿದವು. ಇದು ಇದ್ದರೆ ಮಾಮೂಲಿ ನಂಬರಿಗೆ ಬರುವ ಕರೆಯೂ ಮನೆಯ ವೈ-ಫೈ ಮೂಲಕ ಬರುತ್ತದೆ. ನಂಬರ್ ಬದಲಾಗುವುದಿಲ್ಲ. ಹೊಸ ಆ್ಯಪ್ ಬೇಡ.

ಎಲ್ಲ ಫೋನಿನಲ್ಲೂ ಇದು ಇಲ್ಲ. ಫೋನಿನ ಸೆಟ್ಟಿಂಗ್ಸಿನಲ್ಲಿ ಸಿಮ್ ಇರುವ ಭಾಗದಲ್ಲಿ ಹುಡುಕಿ. ವೈ-ಫೈ ಕಾಲಿಂಗ್ ಎಂದು ಇದ್ದರೆ ಅದನ್ನು ಆನ್ ಮಾಡಿ. ಅಕ್ಕನ ಫೋನಿನಲ್ಲಿ ಇತ್ತು. ಅಕ್ಕನೇ ಓದಿ ಆನ್ ಮಾಡಿದರು.

ಅಂದು ಸಂಜೆ ನಾವೆಲ್ಲ ಅಲ್ಲೇ ಉಳಿದೆವು. ಅಕ್ಕ ಒಲೆ ಹೊತ್ತಿಸಿದರು. ಅಕ್ಕಿ ತೊಳೆದು ಇಟ್ಟರು. ಫೋನನ್ನು ಮಸಾಲೆ ಡಬ್ಬಿಯ ಪಕ್ಕ ಇಟ್ಟರು. 7 ಗಂಟೆ ಆಯಿತು. 7 ದಾಟಿತು. ನಾವು ಯಾರೂ ಮಾತಾಡಲಿಲ್ಲ. ಒಂದಷ್ಟು ಹೊತ್ತಿಗೆ ಫೋನ್ ಗುಂಯ್ ಎಂದಿತು.

ಅಕ್ಕ ಸೆರಗಿಗೆ ಕೈ ಒರೆಸಿಕೊಂಡು ಎತ್ತಿದರು.

"ಅಮ್ಮಾ, ಎಲ್ಲಿದೀಯ?"

"ಅಡುಗೆಮನೇಲಿ ಇದೀನಿ ಮಗಾ. ಹೇಳು."

ಅಜ್ಜಿ ನಮ್ಮನ್ನೆಲ್ಲ ಜಗಲಿಗೆ ಕರೆದುಕೊಂಡು ಬಂದರು. "ತಾಯಿ ಮಗಳು ಮಾತಾಡ್ಲಿ. ನಡೀರಿ" ಎಂದರು.

10. ಎಚ್ಚರಿಕೆಯ ಮಾತುಗಳು

ಕರೆಂಟು ಹೋದರೆ ಪೆಟ್ಟಿಗೆ ನಿಲ್ಲುತ್ತದೆ. ಸಣ್ಣ ಯುಪಿಎಸ್ ಸಿಗುತ್ತದೆ. ಕೊಳ್ಳುವ ಮೊದಲು ಪೆಟ್ಟಿಗೆಯ ಹಿಂದಿನ ಚೀಟಿ ಓದಿ. ಎಷ್ಟು ವೋಲ್ಟ್ ಎಂದು ಬರೆದಿರುತ್ತದೆ. ಹೆಚ್ಚಿನವು 12 ವೋಲ್ಟ್. ಯುಪಿಎಸ್ಸಿನ ವೋಲ್ಟೂ ಅಷ್ಟೇ ಇರಬೇಕು. ತಿಳಿಯದಿದ್ದರೆ ಅಂಗಡಿಯವರಿಗೆ ಚೀಟಿಯ ಫೋಟೋ ತೋರಿಸಿ.

ಗುಡುಗು ಮಿಂಚಿನ ಮಳೆ ಬರುವ ಮೊದಲು ಪೆಟ್ಟಿಗೆಯ ಪ್ಲಗ್ಗು ತೆಗೆಯಿರಿ. ರಿಪೀಟರನ್ನೂ ತೆಗೆಯಿರಿ. ಮಿಂಚು ಶುರುವಾದ ಮೇಲೆ ಮುಟ್ಟಬೇಡಿ.

ವೈ-ಫೈಗೆ ಪಾಸ್‌ವರ್ಡ್ ಇರಲಿ. ಪಾಸ್‌ವರ್ಡ್ ಎಂದರೆ ಬೀಗದ ಕೈ. ಅದರಲ್ಲಿ 8ಕ್ಕಿಂತ ಕಡಿಮೆ ಅಕ್ಷರ ಇರಬಾರದು. ಹೆಚ್ಚಿದ್ದಷ್ಟೂ ಒಳ್ಳೆಯದು. ಊರಿಗೆಲ್ಲ ಗೊತ್ತಿರುವ ಹೆಸರು, ಹುಟ್ಟಿದ ದಿನ ಬೇಡ. ಬಂದವರಿಗೆಲ್ಲ ಹೇಳಬೇಡಿ.

"ನಿಮ್ಮ ವೈ-ಫೈ ನಿಲ್ಲಿಸ್ತೀವಿ, ಓಟಿಪಿ ಹೇಳಿ" ಎಂದು ಯಾರಾದರೂ ಫೋನ್ ಮಾಡಿದರೆ ಹೇಳಬೇಡಿ. ಕರೆ ನಿಲ್ಲಿಸಿ. ಮೋಸದಿಂದ ಹಣ ಹೋದರೆ ತಡ ಮಾಡದೆ 1930 ನಂಬರಿಗೆ ಫೋನ್ ಮಾಡಿ.

ನಮ್ಮ ಕೇಂದ್ರದ ಒಬ್ಬ ಬಸುರಿ ತಂಗಿ ಕೇಳಿದಳು: "ಈ ಅಲೆಯಿಂದ ಮಗೂಗೆ ತೊಂದರೆ ಇಲ್ವಾ ಅಕ್ಕೋರೇ?" ಈ ಭಯ ಹಲವರಿಗೆ ಇದೆ. ವಿಶ್ವ ಆರೋಗ್ಯ ಸಂಸ್ಥೆ 2006ರಲ್ಲಿ ಇದರ ಬಗ್ಗೆ ತಿಳಿಸಿದೆ. ಇಂಥ ಮಂದ ಅಲೆಗಳಿಂದ ಆರೋಗ್ಯ ಕೆಡುತ್ತದೆ ಎನ್ನಲು ನಂಬುವಂಥ ಪುರಾವೆ ಇಲ್ಲ ಎಂದಿದೆ. ಬಸುರಿಯರು ತಪಾಸಣೆ ತಪ್ಪಿಸಬಾರದು. ಕಬ್ಬಿಣದ ಮಾತ್ರೆ ಬಿಡಬಾರದು. ಗಮನ ಕೊಡಬೇಕಾದದ್ದು ಅದಕ್ಕೆ.

ನೆನಪಿಡಿ

ಪೆಟ್ಟಿಗೆ ಮನೆಯ ನಡುವೆ ಇರಲಿ.
ಎತ್ತರದಲ್ಲಿ ಇರಲಿ. ತೆರೆದ ಜಾಗದಲ್ಲಿ ಇರಲಿ.
ಕಬ್ಬಿಣ, ಕನ್ನಡಿ, ನೀರಿನಿಂದ ದೂರ ಇರಲಿ.
ಮೊದಲು ಜಾಗ ಬದಲಿಸಿ. ಆಮೇಲೆ ಯಂತ್ರ ಕೊಳ್ಳಿ.
ಮನೆಯವರೆಲ್ಲ ಕೆಲಸ ಮಾಡುವ ಕಡೆ ಅಲೆ ಬರಲಿ.

ಈಗ ತೋಟದಮನೆ ಅಕ್ಕನ ಹಾಳೆ ನಮ್ಮ ಕೇಂದ್ರದ ಗೋಡೆಯ ಮೇಲಿದೆ. ಅದನ್ನು ನೋಡಿ ಇನ್ನೂ ನಾಲ್ಕು ಮನೆಯವರು ನಕ್ಷೆ ಬರೆದಿದ್ದಾರೆ. ಮೂರು ಮನೆಗಳಲ್ಲಿ ಸೊನ್ನೆ ಬಂದದ್ದು ಅಡುಗೆಮನೆಯಲ್ಲೇ. ನಿಮ್ಮ ಮನೆಯಲ್ಲಿ ಎಷ್ಟು ಬರುತ್ತದೆ? ಬರೆದು ನೋಡಿ.

ಹೊಸ ಪದಗಳು – ಓದಿ, ಬರೆಯಿರಿ

ವೈ-ಫೈ, ಅಲೆ, ನಕ್ಷೆ, ರಿಪೀಟರ್, ಪಾಸ್‌ವರ್ಡ್, ರಸೀದಿ, ದೂರು, ಗೂಡು

ಉತ್ತರ ಹೇಳಿ

1. ಮಗಳ ಕರೆ ಅಕ್ಕನಿಗೆ ಏಕೆ ಕೇಳಲಿಲ್ಲ?
2. ಅಜ್ಜಿ ವೈ-ಫೈಯನ್ನು ಯಾವುದಕ್ಕೆ ಹೋಲಿಸಿದರು?
3. ಅಕ್ಕ ಮೊದಲು ರಿಪೀಟರ್ ಇಟ್ಟದ್ದು ಎಲ್ಲಿ? ಅದು ಏಕೆ ಕೆಲಸ ಮಾಡಲಿಲ್ಲ?
4. ಕೆಂಪು ದೀಪ ಮಿನುಗಿದರೆ ಏನು ಮಾಡಬೇಕು?

ಬಿಟ್ಟ ಜಾಗ ತುಂಬಿ

1. ಗೋಡೆ ದಾಟಿ ದೂರ ಹೋಗುವುದು ______ ರ ಅಲೆ. (5 / 2.4)
2. ಅಲೆಯನ್ನು ಹೀರುವುದು ______. (ನೀರು / ಪರದೆ)
3. ಹಣ ಮೋಸ ಹೋದರೆ ______ ನಂಬರಿಗೆ ಫೋನ್ ಮಾಡಬೇಕು.

ಮಾಡಿ ನೋಡಿ

ನಿಮ್ಮ ಮನೆಯ ನಕ್ಷೆ ಬರೆಯಿರಿ. ಪ್ರತಿ ಕೋಣೆಯಲ್ಲಿ ಎಷ್ಟು ಗೆರೆ ಬರುತ್ತದೆ ಎಂದು ಎಣಿಸಿ ಬರೆಯಿರಿ. ಮನೆಯಲ್ಲಿ ವೈ-ಫೈ ಇಲ್ಲದಿದ್ದರೆ ಮೊಬೈಲ್ ಟವರಿನ ಗೆರೆ ಎಣಿಸಿ. ಕೊನೆಯಲ್ಲಿ ನಿಮ್ಮ ಹೆಸರು ಬರೆದು ರುಜು ಹಾಕಿ. ಮನೆಯವರಿಗೆ ತೋರಿಸಿ.

ಚರ್ಚಿಸಿ

ವೈ-ಫೈ ಪೆಟ್ಟಿಗೆ, ಟೀವಿ, ಫ್ಯಾನು, ದೀಪ – ಇವು ನಮ್ಮ ಮನೆಗಳಲ್ಲಿ ಎಲ್ಲಿವೆ? ಅವನ್ನು ಎಲ್ಲಿ ಇಡಬೇಕು ಎಂದು ಹೇಳಿದವರು ಯಾರು? ಹೇಳುವಾಗ ನಮ್ಮನ್ನು ಕೇಳಿದ್ದರೇ?